ಗಲಾಟೆ ನಿಲ್ಲಿಸಿದ ಗಿಟಾರಿಸ್ಟ್

ಇವತ್ತು ರಾಜಕೀಯ ಇಲ್ಲ. ರೆಸಾರ್ಟ್ ಇಲ್ಲ, ರಾಜೀನಾಮೆ ಇಲ್ಲ, ಡಿನ್ನರ್ ಮೀಟಿಂಗ್ ಇಲ್ಲ. ಇವತ್ತು ಗಲಾಟೆ ಬಗ್ಗೆ ಮಾತಾಡ್ತೀನಿ.

ನಗಬೇಡಿ. ನ್ಯೂಸ್ ಚಾನೆಲ್ ಆಂಕರ್ ಗಲಾಟೆ ಬಗ್ಗೆ ಬುದ್ಧಿ ಹೇಳೋದು ಅಂದ್ರೆ ಬೆಕ್ಕು ಹಾಲಿನ ಕಾವಲು ಬಗ್ಗೆ ಭಾಷಣ ಮಾಡಿದ ಹಾಗೆ ಅನ್ನೋದು ನನಗೂ ಗೊತ್ತು. ನಮ್ಮಮ್ಮ ದಿನಾ ರಾತ್ರಿ ತಪ್ಪದೇ ನನ್ನ ಕಾರ್ಯಕ್ರಮ ನೋಡ್ತಾರೆ. ಆದ್ರೆ ವಾಲ್ಯೂಮ್ ಆರಕ್ಕೆ ಇಳಿಸಿ ನೋಡ್ತಾರೆ. "ನೀನು ಹೇಳೋದೆಲ್ಲಾ ಕೆಳಗಡೆ ಬರೆದೇ ಇರುತ್ತಲ್ಲಪ್ಪ, ಕೂಗೋದನ್ನ ಬೇರೆ ಯಾಕೆ ಕೇಳಿಸ್ಕೊಬೇಕು?" ಅಂತಾರೆ. ಅದಕ್ಕೆ ಇವತ್ತಿನವರೆಗೂ ನನ್ನ ಹತ್ತಿರ ಉತ್ತರ ಇಲ್ಲ.

ಉತ್ತರ ಹುಡುಕ್ತಾ ಹೋದಾಗ ನೆನಪಾಗಿದ್ದು ಒಬ್ಬ ಕೆನಡಾದ ಮನುಷ್ಯ. ಹೆಸರು ಡೆವಿನ್ ಟೌನ್‌ಸೆಂಡ್. ಗಿಟಾರಿಸ್ಟ್, ಹಾಡುಗಾರ, ರೆಕಾರ್ಡ್ ಪ್ರೊಡ್ಯೂಸರ್. ಹತ್ತು-ಹನ್ನೆರಡು ವರ್ಷ ಈತ ಮಾಡಿದ್ದು ಜಗತ್ತಿನ ಅತಿ ದೊಡ್ಡ ಗಲಾಟೆಗಳಲ್ಲಿ ಒಂದನ್ನ. ಆ ಗಲಾಟೆಗೆ ಜನ ಸೇರಿದ್ರು, ಹೆಸರು ಬಂತು, ದೊಡ್ಡ ವೇದಿಕೆ ಸಿಕ್ತು. ಸರಿಯಾಗಿ ಆ ಹೊತ್ತಿಗೆ ಈ ಮನುಷ್ಯ "ಸಾಕು" ಅಂತ ಎದ್ದು ಹೋಗಿಬಿಟ್ಟ. ಯಾಕೆ ಹೋದ, ಹೋದ ಮೇಲೆ ಏನಾಯ್ತು ಅನ್ನೋದೇ ಇವತ್ತಿನ ಕಥೆ.

ಕನ್ನಡದ ವೀಕ್ಷಕರಿಗೂ ಕೆನಡಾದ ಮೆಟಲ್ ಸಂಗೀತಕ್ಕೂ ಎಲ್ಲಿಯ ಸಂಬಂಧ ಅಂತ ಕೇಳಬಹುದು. ಸಂಬಂಧ ಇದೆ. ಅದು ಇರೋದು ನಮ್ಮ ಬೆಂಗಳೂರಿನ ಅರಮನೆ ಮೈದಾನದಲ್ಲಿ.

2007ರ ಮಾರ್ಚ್‌ನಲ್ಲಿ ಐರನ್ ಮೇಡನ್ ಅರಮನೆ ಮೈದಾನಕ್ಕೆ ಬಂದಾಗ ನಮ್ಮ ತಲೆಮಾರಿನ ಇಂಜಿನಿಯರಿಂಗ್ ಹುಡುಗರಿಗೆ ಅದೊಂದು ಜಾತ್ರೆ. ಇಂಟರ್ನಲ್ಸ್ ಬಿಟ್ಟು, ಕಪ್ಪು ಟೀ ಶರ್ಟ್ ಹಾಕ್ಕೊಂಡು, ಕೆಎಸ್‌ಆರ್‌ಟಿಸಿ ಕೆಂಪು ಬಸ್ಸಲ್ಲಿ ನಿಂತು ಬಂದವರು ನಾವು. ಮೂರು ವರ್ಷ ಆದ ಮೇಲೆ, 2010ರ ಮೇ ತಿಂಗಳಲ್ಲಿ, ಅದೇ ಅರಮನೆ ಮೈದಾನಕ್ಕೆ ಅಮೆರಿಕದ ಲ್ಯಾಂಬ್ ಆಫ್ ಗಾಡ್ ಬಂತು. ಈ ತಂಡಕ್ಕೆ ದೊಡ್ಡ ಹೆಸರು ತಂದ ಆಲ್ಬಂಗಳಲ್ಲಿ ಒಂದು 2003ರ 'ಆ್ಯಸ್ ದ ಪ್ಯಾಲೇಸಸ್ ಬರ್ನ್'. ಅರಮನೆಗಳು ಉರಿಯುವಾಗ ಅಂತ ಅರ್ಥ. ಅರಮನೆ ಸುಡುವವರು ಅರಮನೆ ಮೈದಾನಕ್ಕೇ ಬಂದ್ರಲ್ಲ ಅಂತ ನಾವು ಹಾಸ್ಟೆಲ್‌ನಲ್ಲಿ ವಾರಗಟ್ಟಲೆ ನಕ್ಕಿದ್ದೇ ನಕ್ಕಿದ್ದು.

ಆ ಆಲ್ಬಂ ನಮ್ಮ ಹಾಸ್ಟೆಲ್‌ಗೆ ಬಂದಿದ್ದು ಪೆನ್ ಡ್ರೈವ್‌ನಲ್ಲಿ. ಕವರ್ ಇಲ್ಲ, ಹೆಸರುಗಳಿಲ್ಲ, ಬರೀ ಫೈಲು. ಅದರ ಪ್ರೊಡ್ಯೂಸರ್ ಯಾರು ಅಂತ ಹೇಳಿದ್ದು ಒಬ್ಬ ಸೀನಿಯರ್. "ಇದನ್ನ ಮಾಡ್ಸಿದ್ದು ಟೌನ್‌ಸೆಂಡ್ ಕಣೋ. ಅವನ ಸ್ವಂತದ್ದು ಕೇಳು, ತಲೆ ತಿರುಗುತ್ತೆ" ಅಂದ. ಕೇಳಿದೆ. ತಲೆ ತಿರುಗಿದ್ದು ನಿಜ.

ಮುಂದೆ ಹೋಗೋ ಮುಂಚೆ ಒಂದು ಗೊಂದಲ ಬಗೆಹರಿಸ್ತೀನಿ. ಪ್ರೊಡ್ಯೂಸರ್ ಅಂದ ತಕ್ಷಣ ನಮಗೆ ನೆನಪಾಗೋದು ಗಾಂಧಿನಗರ. ದುಡ್ಡು ಹಾಕೋರು, ನಿರ್ಮಾಪಕರು. ರೆಕಾರ್ಡ್ ಪ್ರೊಡ್ಯೂಸರ್ ಅಂದ್ರೆ ಅದಲ್ಲ. ಸಿನಿಮಾದಲ್ಲಿ ಡೈರೆಕ್ಟರ್ ಏನು ಮಾಡ್ತಾರೋ ಆಲ್ಬಂನಲ್ಲಿ ಇವರು ಅದನ್ನ ಮಾಡ್ತಾರೆ. ಯಾವ ಹಾಡು ಇರಬೇಕು, ಯಾವುದು ಹೋಗಬೇಕು, ಹಾಡುಗಾರ ಇನ್ನೊಂದು ಟೇಕ್ ಕೊಡಬೇಕಾ, ಡ್ರಮ್ ಎಷ್ಟು ಮುಂದೆ ಕೇಳಬೇಕು, ಗಿಟಾರ್ ಎಷ್ಟು ಹಿಂದೆ ಸರಿಯಬೇಕು ಅನ್ನೋದೆಲ್ಲಾ ಪ್ರೊಡ್ಯೂಸರ್ ತೀರ್ಮಾನ. ಒಂದೇ ವಾಕ್ಯದಲ್ಲಿ ಹೇಳೋದಾದ್ರೆ, ಯಾರು ಯಾವಾಗ ಎಷ್ಟು ಜೋರಾಗಿ ಮಾತಾಡಬೇಕು ಅಂತ ನಿರ್ಧಾರ ಮಾಡುವವನೇ ಪ್ರೊಡ್ಯೂಸರ್. ಇದನ್ನ ನೆನಪಿಡಿ, ಕೊನೆಗೆ ಬೇಕಾಗುತ್ತೆ.

ಇನ್ನೊಂದು ಪದ ಪ್ರೋಗ್ರೆಸಿವ್ ಮೆಟಲ್. ಮೆಟಲ್ ಅಂದ್ರೆ ಗಿಟಾರ್ ಸದ್ದನ್ನ ಒಡೆದು ಒರಟು ಮಾಡಿ, ಡ್ರಮ್‌ಗಳನ್ನ ಗುಡುಗಿಸೋ ಸಂಗೀತ. ಪ್ರೋಗ್ರೆಸಿವ್ ಅಂದ್ರೆ ಅದಕ್ಕೆ ಲೆಕ್ಕಾಚಾರ ಸೇರಿಸೋದು. ನಾಲ್ಕರ ಎಣಿಕೆ ಬಿಟ್ಟು ಐದು, ಏಳು, ಒಂಬತ್ತಕ್ಕೆ ಹೋಗೋದು, ಮೂರು ನಿಮಿಷದ ಹಾಡಿನ ಬದಲು ಹತ್ತು-ಇಪ್ಪತ್ತು ನಿಮಿಷದ ಕಥೆ ಹೇಳೋದು. ಮಿಶ್ರಛಾಪು ತಾಳ ಹಾಕಿದವರಿಗೆ ಏಳರ ಎಣಿಕೆ ಹೊಸದೇನಲ್ಲ. ಪಾಶ್ಚಾತ್ಯ ರಾಕ್ ಕೇಳುಗರಿಗೆ ಮಾತ್ರ ಇದು ಸ್ವಲ್ಪ ಕಷ್ಟದ ಪಾಠ.

ಈಗ ಕಥೆ. ಡೆವಿನ್ ಟೌನ್‌ಸೆಂಡ್ ಹುಟ್ಟಿದ್ದು 1972ರ ಮೇ 5ಕ್ಕೆ, ಕೆನಡಾದ ಪಶ್ಚಿಮ ತುದಿಯ ಬ್ರಿಟಿಷ್ ಕೊಲಂಬಿಯಾ ಪ್ರಾಂತ್ಯದ ನ್ಯೂ ವೆಸ್ಟ್‌ಮಿನ್‌ಸ್ಟರ್‌ನಲ್ಲಿ. ಐದನೇ ವಯಸ್ಸಿಗೆ ಬ್ಯಾಂಜೋ ಹಿಡಿದ, ಹನ್ನೆರಡಕ್ಕೆ ಗಿಟಾರ್. ಹದಿಹರೆಯ ಮುಗಿಯೋ ಹೊತ್ತಿಗೆ ತನ್ನ ಹಾಡುಗಳ ಡೆಮೊ ಟೇಪುಗಳನ್ನ ರೆಕಾರ್ಡ್ ಕಂಪನಿಗಳಿಗೆ ಕಳಿಸೋಕೆ ಶುರು ಮಾಡಿದ. ಆ ತಂಡಕ್ಕೆ ಇಟ್ಟ ಹೆಸರೇ ನಾಯ್ಸ್‌ಸ್ಕೇಪ್ಸ್. ಹೆಸರಲ್ಲೇ ಗದ್ದಲ ಇದೆ ನೋಡಿ.

ಟೇಪು ಕೇಳಿದ ಕಂಪನಿಯವರಿಗೆ ಹಿಡಿಸಿದ್ದು ಆ ಧ್ವನಿ. ಪಿಸುಮಾತಿನಿಂದ ಹಿಡಿದು ಕಿವಿ ಹರಿಯುವ ಚೀರಾಟದವರೆಗೆ ಒಂದೇ ಉಸಿರಲ್ಲಿ ಹೋಗಿ ಬರ್ತಿದ್ದ. ಅವರು ಅವನನ್ನ ಸ್ಟೀವ್ ವೈಗೆ ಪರಿಚಯ ಮಾಡಿಸಿದ್ರು. ವೈ ಅಂದ್ರೆ ಆ ಕಾಲದ ಗಿಟಾರ್ ದಿಗ್ಗಜ, ಫ್ರಾಂಕ್ ಝಪ್ಪಾ ಗರಡಿಯಲ್ಲಿ ಪಳಗಿದವನು. 1993ರಲ್ಲಿ ವೈ ಹೊರತಂದ 'ಸೆಕ್ಸ್ ಅಂಡ್ ರಿಲಿಜನ್' ಆಲ್ಬಂಗೆ ಹಾಡಿದ್ದು ನಮ್ಮ ಡೆವಿನ್. ವಯಸ್ಸು ಇಪ್ಪತ್ತೊಂದು. ನಮ್ಮಲ್ಲಿ ಆ ವಯಸ್ಸಿಗೆ ಆರನೇ ಸೆಮಿಸ್ಟರ್ ಬ್ಯಾಕ್ ಲಾಗ್ ಇರುತ್ತೆ, ಈತ ಪ್ರಪಂಚ ಸುತ್ತುತ್ತಿದ್ದ.

ಹೊರಗಿಂದ ನೋಡಿದ್ರೆ ಲಾಟರಿ ಹೊಡೆದ ಹಾಗೆ. ಆದ್ರೆ ಹುಡುಗ ಖುಷಿಯಾಗಿರಲಿಲ್ಲ. ಧ್ವನಿ ತನ್ನದು, ಹಾಡು ಬೇರೆಯವರದ್ದು. ಬಾಡಿಗೆ ಗಂಟಲು. ಇತ್ತ ಸ್ವಂತ ಹಾಡುಗಳನ್ನ ತಗೊಂಡು ಹೋದ್ರೆ ಒಂದು ದೊಡ್ಡ ಕಂಪನಿ ಮೊದಲು ಒಪ್ಪಿ, ಆಮೇಲೆ ಇದು ಬರೀ ಗದ್ದಲ ಅಂತ ಕೈ ಬಿಡ್ತು. ಈ ಸಿಟ್ಟೆಲ್ಲಾ ಎಲ್ಲಿಗೆ ಹೋಗಬೇಕು? ಹೋಗಿದ್ದು ಸ್ಟ್ರ್ಯಾಪಿಂಗ್ ಯಂಗ್ ಲ್ಯಾಡ್ ಅನ್ನೋ ಹೊಸ ಯೋಜನೆಗೆ. ಮೊದಲ ಆಲ್ಬಂ 1995ರಲ್ಲಿ ಬಂತು. ಹೆಸರು 'ಹೆವಿ ಆ್ಯಸ್ ಅ ರಿಯಲಿ ಹೆವಿ ಥಿಂಗ್'. ಭಾರ ಅಂದ್ರೆ ನಿಜವಾಗ್ಲೂ ಭಾರವಾದ ವಸ್ತುವಿನಷ್ಟೇ ಭಾರ ಅಂತ. ಮೊದಲ ಆರು ತಿಂಗಳಲ್ಲಿ ಮಾರಾಟ ಆಗಿದ್ದು 143 ಪ್ರತಿ. ನಮ್ಮ ಸಾಹಿತಿಗಳ ಕವನ ಸಂಕಲನ ಇದಕ್ಕಿಂತ ಚೆನ್ನಾಗಿ ಹೋಗುತ್ತೆ.

ಆದ್ರೆ 1997ರಲ್ಲಿ ಪರಿಸ್ಥಿತಿ ಬದಲಾಯ್ತು. ಆ ವರ್ಷ ಎರಡು ಆಲ್ಬಂ ಬಂದವು. ಒಂದು ಸ್ಟ್ರ್ಯಾಪಿಂಗ್ ಯಂಗ್ ಲ್ಯಾಡ್‌ನ 'ಸಿಟಿ'. ಡ್ರಮ್ಸ್‌ಗೆ ಜೀನ್ ಹೋಗ್ಲನ್, ಬೇಸ್‌ಗೆ ಬೈರನ್ ಸ್ಟ್ರೌಡ್, ಎರಡನೇ ಗಿಟಾರ್‌ಗೆ ಜೆಡ್ ಸೈಮನ್. ಮೆಟಲ್ ಇತಿಹಾಸದಲ್ಲಿ ಇಷ್ಟು ದಟ್ಟವಾದ, ಉಸಿರುಗಟ್ಟಿಸೋ ಆಲ್ಬಂ ಅಪರೂಪ. ಇನ್ನೊಂದು 'ಓಷನ್ ಮೆಷಿನ್'. ಇದು ಅದರ ತದ್ವಿರುದ್ಧ. ಸಮುದ್ರ, ಮಂಜು, ಅಗಲ, ಒಂಟಿತನ. ಕಂಪನಿಗಳು ತಗೊಳ್ಳಲಿಲ್ಲ ಅಂತ ಟೌನ್‌ಸೆಂಡ್ ತಾನೇ ಹೆವಿಡೆವಿ ರೆಕಾರ್ಡ್ಸ್ ಅಂತ ಸಣ್ಣ ಕಂಪನಿ ಮಾಡಿ ಅದನ್ನ ಹೊರತಂದ. ಒಬ್ಬನೇ ಮನುಷ್ಯ, ಒಂದೇ ವರ್ಷ, ಒಂದು ಕಡೆ ಬೆಂಕಿ, ಇನ್ನೊಂದು ಕಡೆ ನೀರು.

ಇಲ್ಲಿ ಇಂಜಿನಿಯರ್ ಆಗಿ ಎರಡು ಮಾತು ಹೇಳಲೇಬೇಕು. ಈತನ ಗಿಟಾರ್ ಶ್ರುತಿಯೇ ಬೇರೆ. ಸಾಮಾನ್ಯ ಗಿಟಾರ್‌ನಲ್ಲಿ ತಂತಿಗಳನ್ನ ಒತ್ತದೇ ಮೀಟಿದ್ರೆ ಕೇಳೋಕೆ ಹಿತವಾದ ಸ್ವರಮೇಳ ಬರಲ್ಲ. ಟೌನ್‌ಸೆಂಡ್ ಬಳಸೋದು ಓಪನ್ ಸಿ ಅನ್ನೋ ಶ್ರುತಿ. ಆರು ತಂತಿಗಳು ಸಿ, ಜಿ, ಸಿ, ಜಿ, ಸಿ, ಇ. ನಮ್ಮ ಲೆಕ್ಕದಲ್ಲಿ ಸ, ಪ, ಸ, ಪ, ಸ, ಗ. ಬೆರಳೇ ಇಡದೆ ಸುಮ್ಮನೆ ಮೀಟಿದ್ರೂ ತುಂಬಿದ ಸ್ವರ. ತಂಬೂರಿ ನೆನಪಾಯ್ತಾ? ನನಗೂ ಮೊದಲು ನೆನಪಾಗಿದ್ದು ಅದೇ. ಎಷ್ಟೇ ಆರ್ಭಟ ಇದ್ರೂ ಈತನ ಸಂಗೀತದ ತಳದಲ್ಲಿ ಒಂದು ಸ-ಪ ಸದಾ ಮೊಳಗ್ತಾ ಇರುತ್ತೆ.

ಎರಡನೇದು ಪದರಗಳು. ಒಂದೇ ಗಿಟಾರ್ ಭಾಗವನ್ನ ಮತ್ತೆ ಮತ್ತೆ ನುಡಿಸಿ ಒಂದರ ಮೇಲೊಂದು ಕೂರಿಸೋದು, ತನ್ನದೇ ಧ್ವನಿಯನ್ನ ಹತ್ತಾರು ಸಲ ರೆಕಾರ್ಡ್ ಮಾಡಿ ಒಬ್ಬನೇ ಒಂದು ಮೇಳ ಆಗೋದು. ಇಷ್ಟೆಲ್ಲಾ ಪೇರಿಸಿದ್ರೆ ಸಹಜವಾಗಿ ಕಲಸುಮೇಲೋಗರ ಆಗಬೇಕು. ಆಗಲ್ಲ, ಯಾಕಂದ್ರೆ ಪ್ರತಿ ಪದರಕ್ಕೂ ಕಂಪನಾಂಕದಲ್ಲಿ ಒಂದು ಜಾಗ ಗೊತ್ತು ಮಾಡಿರ್ತಾನೆ. ಬಿಎಂಟಿಸಿ ಬಸ್ಸಲ್ಲಿ ಐವತ್ತು ಜನ ಕೂತು ಹೋಗಬಹುದು, ಒಂದು ಸೀಟಿಗೆ ಐದು ಜನ ಜಗಳ ಆಡಿದ್ರೆ ಬಸ್ಸು ಮುಂದೆ ಹೋಗಲ್ಲ. ಕೇಳೋಕೆ ಗದ್ದಲ, ಒಳಗಡೆ ಭಾರಿ ಶಿಸ್ತು.

ಆದ್ರೆ ಆ ಶಿಸ್ತು ಆಲ್ಬಂನಲ್ಲಿತ್ತು, ಬದುಕಲ್ಲಿ ಇರಲಿಲ್ಲ. 1997ರ ಕೊನೆಯ ಹೊತ್ತಿಗೆ ಮನಸ್ಸು ಕೈಮೀರಿ, ಟೌನ್‌ಸೆಂಡ್ ತಾನಾಗೇ ಮಾನಸಿಕ ಆಸ್ಪತ್ರೆಗೆ ಹೋಗಿ ದಾಖಲಾದ. ವೈದ್ಯರು ಬೈಪೋಲಾರ್ ಡಿಸಾರ್ಡರ್ ಅಂದ್ರು. ಒಮ್ಮೆ ಆಕಾಶ, ಒಮ್ಮೆ ಪಾತಾಳ ಅನ್ನುವಂಥ ಮನಸ್ಥಿತಿ. 'ಸಿಟಿ' ಮತ್ತು 'ಓಷನ್ ಮೆಷಿನ್' ಯಾಕೆ ಒಂದೇ ತಲೆಯಿಂದ ಬಂದವು ಅನ್ನೋದಕ್ಕೆ ಆತನಿಗೇ ಒಂದು ವಿವರಣೆ ಸಿಕ್ಕಂತಾಯ್ತು.

ಅಲ್ಲಿಂದ ಚಿಕಿತ್ಸೆ, ಮಾತ್ರೆ, ಮತ್ತೆ ಕೆಲಸ. ಹೊಸ ಶತಮಾನದ ಮೊದಲ ವರ್ಷಗಳಲ್ಲಿ ಬೇರೆ ತಂಡಗಳು ಈತನನ್ನ ಪ್ರೊಡ್ಯೂಸರ್ ಆಗಿ ಕರೆಯೋಕೆ ಶುರು ಮಾಡಿದವು. 2002ರಲ್ಲಿ ಸ್ವೀಡನ್‌ನ ಸಾಯ್ಲ್‌ವರ್ಕ್ ತಂಡದ 'ನ್ಯಾಚುರಲ್ ಬಾರ್ನ್ ಕೇಯಾಸ್'. ಹೆಚ್ಚಾಗಿ ಅಬ್ಬರಿಸ್ತಿದ್ದ ಆ ತಂಡದಲ್ಲಿ ರಾಗವಾಗಿ ಹಾಡೋ ಭಾಗಗಳು ಜಾಸ್ತಿಯಾಗಿದ್ದು ಈ ಆಲ್ಬಂನಲ್ಲಿ. 2003ರಲ್ಲಿ ಲ್ಯಾಂಬ್ ಆಫ್ ಗಾಡ್, 2004ರಲ್ಲಿ ಮಿಸರಿ ಸಿಗ್ನಲ್ಸ್, 2005ರಲ್ಲಿ ಡಾರ್ಕೆಸ್ಟ್ ಅವರ್. ಎಲ್ಲವೂ ಸಲೀಸಾಗಿ ನಡೀತು ಅಂತ ನಾನು ಹೇಳಲ್ಲ. 'ಆ್ಯಸ್ ದ ಪ್ಯಾಲೇಸಸ್ ಬರ್ನ್' ಹಾಡುಗಳನ್ನ ಜನ ಮೆಚ್ಚಿದ್ರೂ ಅದರ ಧ್ವನಿಮುದ್ರಣದ ಬಗ್ಗೆ ಗೊಣಗಾಟ ಇದ್ದೇ ಇತ್ತು. ಹತ್ತು ವರ್ಷ ತುಂಬಿದಾಗ, 2013ರಲ್ಲಿ, ಜಾಶ್ ವಿಲ್ಬರ್ ಅನ್ನೋ ಇನ್ನೊಬ್ಬ ಪ್ರೊಡ್ಯೂಸರ್ ಅದನ್ನ ಹೊಸದಾಗಿ ಮಿಕ್ಸ್ ಮಾಡಿದ. ಎರಡನ್ನೂ ಪಕ್ಕಪಕ್ಕದಲ್ಲಿ ಇಟ್ಟು ಕೇಳಿದ್ರೆ ಪ್ರೊಡ್ಯೂಸರ್ ಅನ್ನೋನು ಏನು ಮಾಡ್ತಾನೆ ಅನ್ನೋದು ಹತ್ತು ನಿಮಿಷದಲ್ಲಿ ಅರ್ಥ ಆಗುತ್ತೆ. ಹಾಡು ಅದೇ, ನುಡಿಸಿದವರು ಅವರೇ. ಮುಂದೆ ಬಂದಿದ್ದು ಯಾವುದು, ಹಿಂದೆ ಸರಿದಿದ್ದು ಯಾವುದು ಅನ್ನೋದಷ್ಟೇ ಬೇರೆ.

ಈಗ 2005ಕ್ಕೆ ಬನ್ನಿ. ಈ ಕಥೆಯ ಅತ್ಯಂತ ಅಪಾಯದ ತಿರುವು ಇದು.

ಆ ವರ್ಷ ಸ್ಟ್ರ್ಯಾಪಿಂಗ್ ಯಂಗ್ ಲ್ಯಾಡ್ 'ಏಲಿಯನ್' ಅನ್ನೋ ಆಲ್ಬಂ ತಂತು. ಅದನ್ನ ಬರೆಯೋಕೆ ಟೌನ್‌ಸೆಂಡ್ ಏನು ಮಾಡಿದ ಗೊತ್ತಾ? ವೈದ್ಯರು ಕೊಟ್ಟ ಮಾತ್ರೆಗಳನ್ನ ಬೇಕಂತಲೇ ನಿಲ್ಲಿಸಿದ. ಮನಸ್ಸಿನ ಕತ್ತಲೆ ಮೂಲೆಗೆ ಹೋದ್ರೆ ಅಲ್ಲಿಂದ ದೊಡ್ಡ ಸಂಗೀತ ತರಬಹುದು ಅನ್ನೋ ನಂಬಿಕೆ. ಆಲ್ಬಂ ಬಂತು, ವಿಮರ್ಶಕರು ಹೊಗಳಿದ್ರು, ಅಭಿಮಾನಿಗಳು ತಲೆ ಮೇಲೆ ಹೊತ್ತುಕೊಂಡ್ರು. ಮನುಷ್ಯ ಮಾತ್ರ ಒಳಗಡೆ ಚೂರುಚೂರು.

ಇಲ್ಲಿ ನಿಲ್ಲಿಸಿ ಒಂದು ಮಾತು ಹೇಳ್ತೀನಿ. ನಮ್ಮಲ್ಲೂ ಒಂದು ನಂಬಿಕೆ ಇದೆ. ಕಲಾವಿದ ಅಂದ್ರೆ ಸ್ವಲ್ಪ 'ಲೂಸ್' ಇರಬೇಕು, ಕುಡೀಬೇಕು, ಹಾಳಾಗಬೇಕು, ಆಗಲೇ ದೊಡ್ಡ ಕಲೆ ಬರೋದು ಅಂತ. ಎಷ್ಟು ಒಳ್ಳೆ ನಟರನ್ನ, ಹಾಡುಗಾರರನ್ನ, ಕವಿಗಳನ್ನ ಈ ಮಾತು ಬೇಗ ಮಣ್ಣಿಗೆ ಕಳಿಸಿದೆ ಅಂತ ನಾನು ಪಟ್ಟಿ ಹೇಳಬೇಕಾಗಿಲ್ಲ. ಸತ್ತ ದಿನ ನಾವೇ ಚಾನೆಲ್‌ನವರು "ನೋವುಂಡ ಕಲಾವಿದ" ಅಂತ ಅರ್ಧ ಗಂಟೆ ಸ್ಪೆಷಲ್ ಮಾಡ್ತೀವಿ, ಹಿಂದೆ ವಯಲಿನ್ ಹಾಕ್ತೀವಿ. ಬದುಕಿದ್ದಾಗ ಆತ ಡಾಕ್ಟರ ಹತ್ತಿರ ಹೋಗಿದ್ರೆ ಅದು ನಮಗೆ ಸುದ್ದಿನೇ ಅಲ್ಲ. ಹೋದ ಅಂತ ಗೊತ್ತಾದ್ರೆ ಅದನ್ನೂ ಬ್ರೇಕಿಂಗ್ ಮಾಡಿ ಮರ್ಯಾದೆ ಕಳೀತೀವಿ.

ದಯವಿಟ್ಟು ಕೇಳಿ. ಮನಸ್ಸಿನ ಕಾಯಿಲೆಗೆ ಕೊಟ್ಟ ಮಾತ್ರೆಯನ್ನ ವೈದ್ಯರನ್ನ ಕೇಳದೆ ಯಾರೂ ನಿಲ್ಲಿಸಬಾರದು. ನಿಮ್ಮ ಮನೆಯಲ್ಲಿ ಯಾರಿಗಾದ್ರೂ ಈ ಕಷ್ಟ ಇದ್ರೆ, ಟೆಲಿ ಮಾನಸ್ ಅಂತ ಕೇಂದ್ರ ಸರ್ಕಾರದ ಸಹಾಯವಾಣಿ ಇದೆ. ನಂಬರ್ 14416. ಅದರ ಉನ್ನತ ಕೇಂದ್ರ ನಮ್ಮ ಬೆಂಗಳೂರಿನ ನಿಮ್ಹಾನ್ಸ್. ಕನ್ನಡದಲ್ಲೇ ಮಾತಾಡಬಹುದು.

ಮತ್ತೆ ಕಥೆಗೆ ಬರ್ತೀನಿ. 'ಏಲಿಯನ್' ನಂತರ 2006ರಲ್ಲಿ 'ದ ನ್ಯೂ ಬ್ಲ್ಯಾಕ್' ಬಂತು. ಅದೇ ಬೇಸಿಗೆಯಲ್ಲಿ ಅಮೆರಿಕದ ದೊಡ್ಡ ಮೆಟಲ್ ಉತ್ಸವ ಆಝ್‌ಫೆಸ್ಟ್‌ನಲ್ಲಿ ತಂಡ ನುಡಿಸ್ತು. ಹತ್ತು ವರ್ಷ ಕಾದಿದ್ದು ಇದಕ್ಕೇ ಅಲ್ವಾ? ಆ ವರ್ಷದ ಅಕ್ಟೋಬರ್‌ನಲ್ಲಿ ಆತನ ಮನೆಯಲ್ಲಿ ಮಗು ಹುಟ್ತು. 2007ರಲ್ಲಿ ಟೌನ್‌ಸೆಂಡ್ ಸ್ಟ್ರ್ಯಾಪಿಂಗ್ ಯಂಗ್ ಲ್ಯಾಡ್ ತಂಡವನ್ನೇ ಮುಗಿಸಿಬಿಟ್ಟ. ತನ್ನ ಗುರುತೇ ಆಗಿದ್ದ ಉದ್ದ ಕೂದಲನ್ನ ಬೋಳಿಸಿದ. ಕುಡಿತ ಬಿಟ್ಟ, ಗಾಂಜಾ ಬಿಟ್ಟ. ಪ್ರವಾಸ ಬಿಟ್ಟು ಮನೆಯಲ್ಲಿ ಕೂತ.

ಹೋಗುವ ಮುಂಚೆ ಒಂದು ತಮಾಷೆ ಮಾಡಿ ಹೋದ. 2007ರಲ್ಲೇ ಬಂದ 'ಝಿಲ್ಟಾಯ್ಡ್ ದ ಆಮ್ನಿಶಿಯಂಟ್'. ಹಾಡು, ಗಿಟಾರ್, ಬೇಸ್ ಎಲ್ಲಾ ಒಬ್ಬನೇ, ಡ್ರಮ್ಸ್ ಕೂಡ ಕಂಪ್ಯೂಟರ್‌ನಲ್ಲಿ ತಾನೇ ಕೂರಿಸಿದ್ದು. ಕಥೆ ಏನಪ್ಪಾ ಅಂದ್ರೆ, ಝಿಲ್ಟಾಯ್ಡ್ ಅನ್ನೋ ಅನ್ಯಗ್ರಹದ ಪ್ರಾಣಿ ಭೂಮಿಗೆ ಬಂದು, ಬ್ರಹ್ಮಾಂಡದಲ್ಲೇ ಶ್ರೇಷ್ಠವಾದ ಒಂದು ಕಪ್ ಕಾಫಿ ಕೊಡಿ ಅಂತ ಹುಕುಂ ಮಾಡುತ್ತೆ. ಕೊಟ್ಟ ಕಾಫಿ ಹಿಡಿಸಲ್ಲ, ಯುದ್ಧ ಸಾರುತ್ತೆ. ಆ ಪ್ರಾಣಿ ಚಿಕ್ಕಮಗಳೂರಲ್ಲಿ ಇಳಿದಿದ್ರೆ ಕಥೆ ಮೊದಲ ಹಾಡಿಗೇ ಮುಗೀತಿತ್ತು ಅನ್ನೋದು ನನ್ನ ದೃಢವಾದ ನಂಬಿಕೆ.

ತಮಾಷೆ ಮುಗೀತು, ಈಗ ಅಸಲಿ ಪ್ರಶ್ನೆ. ಕುಡಿತ ಇಲ್ಲ, ಅಮಲು ಇಲ್ಲ, ಸಿಟ್ಟಿನ ತಂಡ ಇಲ್ಲ. ಇದೆಲ್ಲಾ ಹೋದ ಮೇಲೆ ಸಂಗೀತ ಉಳಿಯುತ್ತಾ? ಎಲ್ಲರೂ ನಿಮ್ಮನ್ನ ಗುರುತಿಸೋದು ನೀವು ಕೂಗೋದಕ್ಕೆ. ಕೂಗೋದು ನಿಲ್ಲಿಸಿದ್ರೆ ನೀವು ಯಾರು? ಟೌನ್‌ಸೆಂಡ್‌ಗೆ ಈ ಭಯ ನಿಜವಾಗಿತ್ತು. ನಾನು ನಿಮ್ಮ ಮುಂದೆ ಒಪ್ಕೋತೀನಿ, ಈ ಪ್ರಶ್ನೆ ನನಗೂ ಹೊಸದಲ್ಲ.

2009ರಲ್ಲಿ ಉತ್ತರ ಬಂತು. ಆಲ್ಬಂ ಹೆಸರು 'ಕಿ'. ಜಪಾನಿ ಭಾಷೆಯಲ್ಲಿ ಪ್ರಾಣಶಕ್ತಿ ಅಂತ ಅರ್ಥ. ಡೆವಿನ್ ಟೌನ್‌ಸೆಂಡ್ ಪ್ರಾಜೆಕ್ಟ್ ಅನ್ನೋ ಹೊಸ ಹೆಸರಲ್ಲಿ ನಾಲ್ಕು ಆಲ್ಬಂಗಳ ಸರಣಿ, ಒಂದೊಂದಕ್ಕೂ ಬೇರೆ ಬೇರೆ ವಾದ್ಯಗಾರರು, ಅದರಲ್ಲಿ ಇದು ಮೊದಲನೇದು. ಡ್ರಮ್ಸ್‌ಗೆ ಮೆಟಲ್‌ನವರನ್ನ ಕರೆಯಲಿಲ್ಲ. ಡ್ಯೂರಿಸ್ ಮ್ಯಾಕ್ಸ್‌ವೆಲ್ ಅನ್ನೋ ಹಳೇ ಕಾಲದ ರಾಕ್ ಅಂಡ್ ಬ್ಲೂಸ್ ಡ್ರಮ್ಮರ್‌ನ ಕರೆತಂದ. ಮೊದಲ ಸಲ ಕೇಳಿದಾಗ ನಾನು ಕಾಯ್ತಾ ಕೂತಿದ್ದೆ. ಈಗ ಸಿಡಿಯುತ್ತೆ, ಈಗ ಸಿಡಿಯುತ್ತೆ ಅಂತ. ಗಿಟಾರ್ ಮೆಲ್ಲಗೆ ಗುರ್ ಅನ್ನುತ್ತೆ, ಸಿಡಿಯಲ್ಲ. ಧ್ವನಿ ಏರೋಕೆ ಹೋಗುತ್ತೆ, ಹಿಡಿದುಕೊಳ್ಳುತ್ತೆ. ಸಿಟ್ಟು ಇಲ್ಲ ಅಂತಲ್ಲ. ಇದೆ, ಹಗ್ಗ ಕಟ್ಟಿದೆ. ಇಡೀ ಆಲ್ಬಂನಲ್ಲಿ ಬಾಯಿ ಬಿಟ್ಟು ಕೂಗೋ ಕ್ಷಣಗಳು ಕೆಲವೇ, ಆ ಕೆಲವು ಬಂದಾಗ ಮೈ ಜುಮ್ ಅನ್ನುತ್ತೆ.

ಇದಕ್ಕೆ ಸಿಂಪಲ್ ಇಂಜಿನಿಯರಿಂಗ್ ಕಾರಣ ಇದೆ. ಡಿಜಿಟಲ್ ಆಡಿಯೋದಲ್ಲಿ ಸೊನ್ನೆ ಡೆಸಿಬೆಲ್ ಅನ್ನೋದು ಮನೆಯ ತಾರಸಿ ಇದ್ದ ಹಾಗೆ. ಅದರ ಮೇಲೆ ಹೋಗೋಕಾಗಲ್ಲ, ಹೋದ್ರೆ ಸದ್ದು ಒಡೆಯುತ್ತೆ. ಎಲ್ಲವನ್ನೂ ತಾರಸಿಗೆ ತಾಗಿಸಿ ಇಟ್ಟರೆ ಐದು ನಿಮಿಷ ಆದ ಮೇಲೆ ಕಿವಿಗೆ ಯಾವುದೂ ಜೋರು ಅನ್ನಿಸಲ್ಲ, ಬರೀ ಸುಸ್ತಾಗುತ್ತೆ. ಒಂದು ಮಾತು ಜೋರಾಗಿ ಕೇಳಬೇಕು ಅಂದ್ರೆ ಅದರ ಅಕ್ಕಪಕ್ಕದ ಮಾತು ಮೆಲ್ಲಗಿರಬೇಕು. ಬೇರೆ ದಾರಿಯೇ ಇಲ್ಲ.

ಉಳಿದ ಮೂರು ಆಲ್ಬಂ ಬೇಗ ಹೇಳ್ತೀನಿ. ಅದೇ 2009ರಲ್ಲಿ ಬಂದ 'ಅಡಿಕ್ಟೆಡ್', ಡಚ್ ಗಾಯಕಿ ಆ್ಯನೆಕೆ ವಾನ್ ಗೀರ್ಸ್‌ಬರ್ಗೆನ್ ಜೊತೆ, ಕುಣಿಯೋ ಹಾಡುಗಳು. 2011ರ ಜೂನ್‌ನಲ್ಲಿ ಒಟ್ಟೊಟ್ಟಿಗೆ ಎರಡು. 'ಡಿಕನ್‌ಸ್ಟ್ರಕ್ಷನ್' ಅಂದ್ರೆ ಪ್ರಾಗ್ ನಗರದ ಆರ್ಕೆಸ್ಟ್ರಾ, ಹತ್ತಾರು ಅತಿಥಿಗಳು, ಮಹಾ ಗದ್ದಲ. ಅದರ ಕಥೆಯಲ್ಲಿ ನಾಯಕ ಸತ್ಯ ಏನು ಅಂತ ಹುಡುಕ್ತಾ ನರಕದವರೆಗೂ ಹೋಗ್ತಾನೆ. ಸೈತಾನ ಬ್ರಹ್ಮಾಂಡದ ರಹಸ್ಯವನ್ನೆಲ್ಲಾ ಒಂದು ಚೀಸ್‌ಬರ್ಗರ್ ಒಳಗೆ ಇಟ್ಟು ಕೈಗೆ ಕೊಡ್ತಾನೆ. ನಾಯಕ ಸಸ್ಯಾಹಾರಿ, ತಿನ್ನೋಕಾಗಲ್ಲ! ಇನ್ನೊಂದು 'ಘೋಸ್ಟ್', ಕೊಳಲು, ಮೆಲುದನಿ, ಮಲಗೋ ಹೊತ್ತಲ್ಲಿ ಕೇಳುವಂಥದ್ದು. ಆ ವರ್ಷದ ನವೆಂಬರ್‌ನಲ್ಲಿ ಲಂಡನ್‌ನಲ್ಲಿ ನಾಲ್ಕು ರಾತ್ರಿ, ರಾತ್ರಿಗೊಂದು ಆಲ್ಬಂನಂತೆ ನಾಲ್ಕನ್ನೂ ನುಡಿಸಿದ್ರು. ಮೂರು ರಾತ್ರಿ ಕಾಲೇಜು ಹುಡುಗರ ಸಭಾಂಗಣದಲ್ಲಿ, ಕೊನೆಯ ರಾತ್ರಿ 'ಘೋಸ್ಟ್' ಮಾತ್ರ ಯೂನಿಯನ್ ಚಾಪೆಲ್ ಅನ್ನೋ ಹಳೇ ಚರ್ಚ್‌ನಲ್ಲಿ. ಆರು ವರ್ಷದ ಹಿಂದೆ 'ಏಲಿಯನ್' ಮಾಡಿದ್ದ ಮನುಷ್ಯ ಚರ್ಚ್ ಒಳಗೆ ಕೂತು ಮೆಲ್ಲಗೆ ಹಾಡ್ತಿದ್ದ, ಜನ ಸುಮ್ಮನೆ ಕೂತು ಕೇಳ್ತಿದ್ರು.

ಜನ ಬಿಟ್ಟು ಹೋದ್ರಾ? ಕೆಲವರು ಹೋದ್ರು. ಇವತ್ತಿಗೂ ಹಳೇ ತಂಡ ಮತ್ತೆ ಯಾವಾಗ ಅಂತ ಕೇಳುವವರಿದ್ದಾರೆ. ಆದ್ರೆ ಬಂದವರು ಹೋದವರಿಗಿಂತ ಜಾಸ್ತಿ. 2012ರ ಅಕ್ಟೋಬರ್‌ನಲ್ಲಿ ಲಂಡನ್‌ನ ರೌಂಡ್‌ಹೌಸ್‌ನಲ್ಲಿ ತನ್ನ ಇಡೀ ಸಂಗೀತ ಬದುಕನ್ನ ಒಂದು ನಾಟಕದ ಥರ ಆಡಿಸಿದ. ಪರದೆ ಮೇಲೆ ಬಂದು ಕಥೆ ಹೇಳಿದವನು ಯಾರು ಗೊತ್ತಾ? ಅದೇ ಸ್ಟೀವ್ ವೈ. ಇಪ್ಪತ್ತರ ಹುಡುಗನಿಗೆ ಬಾಡಿಗೆ ಗಂಟಲು ಅನ್ನಿಸಿದ್ದ ಆ ದಿನಗಳ ಗುರು. 2014ರಲ್ಲಿ ಶೇ ಎಮೀ ಡೋರ್ವಲ್ ಜೊತೆ 'ಕ್ಯಾಶುಯಲ್ಟೀಸ್ ಆಫ್ ಕೂಲ್' ಅನ್ನೋ, ಮೆಟಲ್‌ಗೆ ಸಂಬಂಧವೇ ಇಲ್ಲದ ತಣ್ಣನೆ ಆಲ್ಬಂ ಮಾಡಿದಾಗ ದುಡ್ಡು ಹಾಕಿದ್ದು ಕಂಪನಿ ಅಲ್ಲ, ಕೇಳುಗರು. 2015ರ ಏಪ್ರಿಲ್ 13ಕ್ಕೆ ರಾಯಲ್ ಆಲ್ಬರ್ಟ್ ಹಾಲ್. 2017ರ ಸೆಪ್ಟೆಂಬರ್‌ನಲ್ಲಿ ಬಲ್ಗೇರಿಯಾದ ಪ್ಲೋವ್‌ಡಿವ್ ಊರಿನ ರೋಮನ್ ಕಾಲದ ಬಯಲು ರಂಗಮಂದಿರ. ಅಲ್ಲಿ, ಇಪ್ಪತ್ತು ವರ್ಷದ ಹಿಂದೆ ಯಾವ ಕಂಪನಿಗೂ ಬೇಡವಾಗಿದ್ದ 'ಓಷನ್ ಮೆಷಿನ್' ಪೂರ್ತಿ ನುಡಿಸಿದ.

ಹಾಗಾದ್ರೆ ಗದ್ದಲ ಸತ್ತೇ ಹೋಯ್ತಾ ಅಂದ್ರೆ ಇಲ್ಲ. 2019ರ 'ಎಂಪತ್' ಕೇಳಿ. ಚೀರಾಟ ಇದೆ, ಮೇಳಗಾನ ಇದೆ, ಕೊನೆಗೆ 23 ನಿಮಿಷದ ಒಂದು ಹಾಡು ಇದೆ. ಮೂವರು ಡ್ರಮ್ಮರ್‌ಗಳು. ಅದರಲ್ಲಿ ಒಬ್ಬ ಅನೂಪ್ ಶಾಸ್ತ್ರಿ, ನಮ್ಮ ದೆಹಲಿಯ ಸ್ಕೈಹಾರ್ಬರ್ ತಂಡದ ಜೊತೆ ನುಡಿಸಿದ್ದ ಅಮೆರಿಕದ ಹುಡುಗ. ಗದ್ದಲ ವಾಪಸ್ ಬಂದಿತ್ತು, ಆದ್ರೆ ಈ ಸಲ ಅದು ಆತನನ್ನ ಎಳೆದುಕೊಂಡು ಹೋಗ್ತಿರಲಿಲ್ಲ. ಬೇಕಾದಾಗ ಕರೀತಿದ್ದ, ಸಾಕಾದಾಗ ಕಳಿಸ್ತಿದ್ದ. 2020ರಲ್ಲಿ ಕೋವಿಡ್ ಬಂದು ಪ್ರವಾಸ ನಿಂತಾಗ ಮನೆಯಿಂದಲೇ ಕಾರ್ಯಕ್ರಮ ಮಾಡಿ ಆಸ್ಪತ್ರೆಗಳಿಗೆ ಹಣ ಕೂಡಿಸಿಕೊಟ್ಟ. 2022ರ 'ಲೈಟ್‌ವರ್ಕ್'ಗೆ ಗಾರ್ತ್ ರಿಚರ್ಡ್‌ಸನ್ ಅನ್ನೋ ಹಿರಿಯ ಪ್ರೊಡ್ಯೂಸರ್‌ನ ಪಕ್ಕದಲ್ಲಿ ಕೂರಿಸಿಕೊಂಡ. ಬದುಕಿಡೀ ತಾನೇ ಎಲ್ಲಾ ಗುಂಡಿ ತಿರುಗಿಸಿದವನು, ಯಾವುದು ಇರಲಿ ಯಾವುದು ಹೋಗಲಿ ಅನ್ನೋ ಮಾತಲ್ಲಿ ಇನ್ನೊಬ್ಬರ ಕಿವಿಯನ್ನೂ ನಂಬಿದ. ನನ್ನ ಪ್ರಕಾರ ಇದು ಆಲ್ಬರ್ಟ್ ಹಾಲ್‌ಗಿಂತ ದೊಡ್ಡ ಮೆಟ್ಟಿಲು.

ಈ ಕಥೆಗೆ ಒಂದು ಆಕ್ಷೇಪ ಬರುತ್ತೆ, ನಾನೇ ಎತ್ತುತೀನಿ. "ಹಂಗಾದ್ರೆ 'ಸಿಟಿ', 'ಏಲಿಯನ್' ಇವತ್ತಿಗೂ ಯಾಕೆ ಜನ ಕೇಳ್ತಾರೆ? ನೋವಿನಿಂದ ತಾನೇ ಅವು ಬಂದಿದ್ದು?" ಅಂತ. ನೋವು ಇತ್ತು, ಒಪ್ಪಿದೆ. ಆದ್ರೆ ಜೀನ್ ಹೋಗ್ಲನ್ ಅಷ್ಟು ವೇಗದಲ್ಲಿ ಒಂದು ಪೆಟ್ಟೂ ತಪ್ಪದೆ ಡ್ರಮ್ ನುಡಿಸಿದ್ದು ನೋವಿನಿಂದ ಅಲ್ಲ, ವರ್ಷಗಟ್ಟಲೆ ಅಭ್ಯಾಸದಿಂದ. ಆ ಪದರಗಳನ್ನ ಒಂದಕ್ಕೊಂದು ತಾಗದಂತೆ ಕೂರಿಸಿದ್ದು ಕಾಯಿಲೆ ಅಲ್ಲ, ಪ್ರೊಡ್ಯೂಸರ್‌ನ ಕಿವಿ. ಕಾಯಿಲೆ ಏನು ಮಾಡ್ತು ಅಂದ್ರೆ, ಆ ಕಿವಿ ಇದ್ದ ಮನುಷ್ಯನನ್ನೇ ಇನ್ನೇನು ಮುಗಿಸಿಬಿಡ್ತಿತ್ತು. 2005ರಲ್ಲಿ ಕಥೆ ಕೆಟ್ಟದಾಗಿ ಮುಗಿದಿದ್ರೆ ನಾವು ಹೊಗಳಿ ಪುಸ್ತಕ ಬರೀತಿದ್ವಿ, 'ಕಿ' ಇರ್ತಿರಲಿಲ್ಲ, 'ಘೋಸ್ಟ್' ಇರ್ತಿರಲಿಲ್ಲ, ಆ ಮಗುವಿಗೆ ಅಪ್ಪ ಇರ್ತಿರಲಿಲ್ಲ.

ಈಗ ನನ್ನ ಕಡೆ ಬರ್ತೀನಿ. ನಮ್ಮ ಡಿಬೇಟ್ ನೀವು ನೋಡಿದೀರಿ. ಸ್ಕ್ರೀನ್ ಮೇಲೆ ಆರು ಕಿಟಕಿ, ಆರು ಜನ, ಎಲ್ಲರೂ ಒಟ್ಟಿಗೆ, ಎಲ್ಲರೂ ತಾರಸಿಗೆ ತಾಗಿ. ಕಂಟ್ರೋಲ್ ರೂಮ್‌ನಿಂದ ಸೌಂಡ್ ಎಂಜಿನಿಯರ್ ನನ್ನ ಕಿವಿಯಲ್ಲಿ "ಸರ್, ಮೀಟರ್ ಕೆಂಪಾಗಿದೆ" ಅಂತಿರ್ತಾರೆ. ಅದಕ್ಕೂ ಮೇಲೆ ನಾನು ಕೂಗ್ತೀನಿ. ಯಾರು ಯಾವಾಗ ಎಷ್ಟು ಜೋರಾಗಿ ಮಾತಾಡಬೇಕು ಅಂತ ನಿರ್ಧಾರ ಮಾಡೋದು ಪ್ರೊಡ್ಯೂಸರ್ ಕೆಲಸ ಅಂತ ಮೊದಲೇ ಹೇಳಿದ್ನಲ್ಲ, ಆ ಕುರ್ಚಿಯಲ್ಲಿ ಕೂತಿರೋನು ನಾನೇ. ಹಂಗಾಗಿ ಗಲಾಟೆ ಆದ್ರೆ ತಪ್ಪು ಅತಿಥಿಗಳದ್ದಲ್ಲ.

ನಾಳೆಯಿಂದ ಪಿಸುಗುಟ್ಟುತೀನಿ ಅಂತ ಸುಳ್ಳು ಹೇಳಲ್ಲ. ಗುರುವಾರ ಬಂದ್ರೆ ಟಿಆರ್‌ಪಿ ಶೀಟು ಬರುತ್ತೆ, ಅದರ ಭಯ ನನಗೂ ಇದೆ. ಆದ್ರೆ ಕಳೆದ ಎರಡು ವಾರದಿಂದ ಒಂದು ಸಣ್ಣ ಪ್ರಯೋಗ ಮಾಡ್ತಿದ್ದೀನಿ. ಒಬ್ಬರು ಮಾತಾಡುವಾಗ ಉಳಿದ ಐದು ಮೈಕ್ ಕೆಳಗೆ ಇಳಿಸಿ ಅಂತ ಹೇಳಿದ್ದೀನಿ, ನನ್ನದೂ ಸೇರಿಸಿ. ಮೊದಲ ದಿನ ಸ್ಟುಡಿಯೋದಲ್ಲಿ ಎಲ್ಲರಿಗೂ ಕಸಿವಿಸಿ. ಮೂರನೇ ದಿನ ರೈತ ಮುಖಂಡರೊಬ್ಬರು ಕಬ್ಬಿನ ಬಾಕಿ ಬಗ್ಗೆ ನಾಲ್ಕು ನಿಮಿಷ ಮಧ್ಯೆ ನಿಲ್ಲಿಸದೆ ಮಾತಾಡಿದ್ರು. ನನ್ನ ಶೋನಲ್ಲಿ ಒಬ್ಬರ ಮಾತು ಪೂರ್ತಿ ನನಗೇ ಕೇಳಿಸಿದ್ದು ಎಷ್ಟೋ ದಿನ ಆದ ಮೇಲೆ ಅವತ್ತೇ.

ಟಿಆರ್‌ಪಿ ಏನಾಯ್ತು ಅಂತ ಕೇಳಬೇಡಿ, ಅದು ಹೇಳೋ ಹಾಗಿಲ್ಲ. ಮನೆಯಲ್ಲಿ ಏನಾಯ್ತು ಅಂತ ಹೇಳ್ತೀನಿ. ಅವತ್ತು ರಾತ್ರಿ ಮನೆಗೆ ಹೋದಾಗ ಟಿವಿ ಇನ್ನೂ ಆನ್ ಇತ್ತು, ಅಮ್ಮ ಸೋಫಾ ಮೇಲೆ ಹಾಗೇ ನಿದ್ದೆ ಹೋಗಿದ್ರು. ರಿಮೋಟ್ ತಗೊಂಡು ಆಫ್ ಮಾಡೋಕೆ ಹೋದೆ. ವಾಲ್ಯೂಮ್ ಒಂಬತ್ತರಲ್ಲಿತ್ತು.